ಉಗುಳು ನುಂಗಿ

ಕೊರಳಿಗೆ ತಣ್ಣನೆಯ ಜೆಲ್ ಸವರಿದಾಗ
ಎಲ್ಲರೂ ಒಮ್ಮೆ ಬೆಚ್ಚುತ್ತಾರೆ.
ವೆಂದೆಲೀನ್ ಬೆಚ್ಚಲಿಲ್ಲ.
ನಲವತ್ತು ಚಳಿಗಾಲ ಜಲಾಶಯದ ಹಿಮಕ್ಕೆ ತೂತು ಕೊರೆದು
ಗಾಳ ಇಳಿಬಿಟ್ಟು ಕೂತವನು,
ಚಳಿ ಅವನಿಗೆ ಬಳಕೆಯ ನೆಂಟ.

ಉಗುಳು ನುಂಗಿ, ಅಂದೆ.
ನುಂಗಿದ.
ಪರದೆಯ ಮೇಲೆ ಬೂದು ಗ್ರಂಥಿ
ಎದ್ದು ಇಳಿಯಿತು,
ಕೆಸರಲ್ಲಿ ಮಲಗಿದ ಮೀನು ಮಗ್ಗುಲು ಬದಲಿಸಿದ ಹಾಗೆ.
(ಪುಸ್ತಕಗಳಲ್ಲಿ ಚಿಟ್ಟೆ ಅಂತ ಬರೆದಿರುತ್ತಾರೆ.
ಹತ್ತೊಂಬತ್ತು ವರ್ಷದಿಂದ ನೋಡುತ್ತಿದ್ದೇನೆ,
ಈ ಊರಲ್ಲಿ ಅದು ಚಿಟ್ಟೆಯಲ್ಲ.)
ಉದ್ದ, ಅಗಲ, ದಪ್ಪ, ಎಡಕ್ಕೊಮ್ಮೆ ಬಲಕ್ಕೊಮ್ಮೆ:
ಮೂವತ್ತೊಂದು ಮಿಲಿಲೀಟರ್.
ಜೋಳದ ಕಾಳಿನಷ್ಟು ಒಂದು ಗಂಟು.

"ಮೀನಿನಿಂದಲಾ?"

ನಾನು ಅಳೆಯುವವಳು, ಅಂದೆ.
ಸಾವಿರ ಕೊರಳು ಕೂಡಿದರೆ ಒಂದು ಮಾತು ಹೊರಡುತ್ತದೆ,
ಒಂದೇ ಕೊರಳು ಸಾಕ್ಷಿ ಹೇಳುವುದಿಲ್ಲ.

ಅವನು ನಕ್ಕ. ಅದೇ ಕಾರ್ಖಾನೆಯಲ್ಲಿ
ಪೀಪಾಯಿ ತುಂಬುತ್ತಿದ್ದವನು.
ಬೆಂಕಿ ಹತ್ತದ ಎಣ್ಣೆ, ಕೊಳೆಯದ ಎಣ್ಣೆ,
ಸಾವೇ ಇಲ್ಲದ ಎಣ್ಣೆ ಎಂದು
ಮೇಲಿನವರು ಭಾಷಣ ಮಾಡಿದಾಗ
ಚಪ್ಪಾಳೆ ತಟ್ಟಿದವರಲ್ಲಿ ತಾನೂ ಒಬ್ಬ, ಅಂದ.
ಸೋರಿದ್ದು ಕಾಲುವೆಗೆ, ಕಾಲುವೆ ಲಬೋರೆಟ್ಸ್ ಹೊಳೆಗೆ,
ಹೊಳೆಯಿಂದ ಜಲಾಶಯಕ್ಕೆ, ಹೂಳಿಗೆ, ಹುಳಕ್ಕೆ,
ಕಾರ್ಪ್ ಮೀನಿನ ಹಳದಿ ಕೊಬ್ಬಿಗೆ.

"ಆದರೂ ಒಳಗೆ ಹೋಗಿ ಅದು ಮಾಡುವುದೇನು?"

ಯೋಚಿಸಿದೆ. ಕೇಳಿದೆ:
ಬೆಳಿಗ್ಗೆ ಐದರ ಕಾರ್ಖಾನೆ ಬಸ್ಸು ನೆನಪಿದೆಯಾ?
ನೆನಪಿಲ್ಲದೆ ಏನು. ಎಡಗಡೆ, ಮೂರನೆಯ ಸಾಲು,
ಕಿಟಕಿ ಪಕ್ಕದ್ದು ಅವನ ಸೀಟು.
ಒಂದು ದಿನ ಅವನದೇ ಥರದ ಟೋಪಿ,
ಅವನದೇ ಥರದ ಕೋಟು ತೊಟ್ಟವನೊಬ್ಬ
ಮೊದಲೇ ಹತ್ತಿ ಅಲ್ಲಿ ಕೂತಿದ್ದನಂತೆ.
ಕನ್ನಡಿಯಲ್ಲಿ ಟೋಪಿ ಕಂಡ ಡ್ರೈವರು
ಸರಿ, ಬಂದಾಯಿತು ಅಂತ ಹೊರಟೇಬಿಟ್ಟ.
ಇವನು ಹಿಮದಲ್ಲಿ ನಿಂತ.

ಅಷ್ಟೇ, ಅಂದೆ. ರಕ್ತದಲ್ಲೂ ಅಂಥ ಬಸ್ಸುಗಳಿವೆ.
ಬರಬೇಕಾದವನು ಬರಲಿಲ್ಲವಲ್ಲ ಎಂದು
ತಲೆಯಿಂದ ಚೀಟಿಯ ಮೇಲೆ ಚೀಟಿ,
ಗ್ರಂಥಿ ಪಾಪ ದುಡಿಯುತ್ತದೆ, ಇನ್ನೂ ದುಡಿಯುತ್ತದೆ,
ದುಡಿದೂ ದುಡಿದೂ ಊದಿಕೊಳ್ಳುತ್ತದೆ.

"ದುಡಿದು ಊದಿದವನನ್ನು ಇವತ್ತೇ ನೋಡಿದ್ದು,"
ಅಂದ. "ನಾವೆಲ್ಲ ಸೊರಗಿದೆವು."

ವಿಮೆಯ ಕಾರ್ಡು ತೆಗೆಯಲು ಪರ್ಸು ಬಿಚ್ಚಿದ.
ಒಂದು ಮೀನ ಹುರುಪೆ ಜಾರಿ
ಮೇಜಿನ ಮೇಲೆ ಬಿತ್ತು,
ಉಗುರಿನಷ್ಟು, ಒಣಗಿ ಗಾಜಾದದ್ದು.
ಕ್ರಿಸ್‌ಮಸ್ ಹಿಂದಿನ ರಾತ್ರಿಯ ಕಾರ್ಪಿನದು.
ಹೆಂಡತಿ ಪರಾಸ್ಕಾ ವರ್ಷಕ್ಕೊಂದು ಇಡುತ್ತಾಳೆ:
ಪರ್ಸಿನಲ್ಲಿದ್ದರೆ ದುಡ್ಡು ತೀರುವುದಿಲ್ಲ.

ದುಡ್ಡು ತೀರಿತು. ಕಾರ್ಖಾನೆ ತೀರಿತು.
ಅಕ್ಷಯವಾಗಿ ಉಳಿದದ್ದು ಬೇರೆಯೇ.

ಪರಾಸ್ಕಾಗೆ ಈಗ ಜುಲೈನಲ್ಲೂ ಉಣ್ಣೆಯ ಕಾಲುಚೀಲ,
ಖಾಲಿ ಹೊಟ್ಟೆಗೆ ಒಂದು ಬಿಳಿ ಮಾತ್ರೆ,
ನೆರೆಯವರ ಹೆಸರು ಬಾಗಿಲಲ್ಲೇ ಮರೆತುಹೋಗುತ್ತದೆ.
ದಡದಲ್ಲಿ ಫಲಕ ನೆಟ್ಟಿದ್ದಾರೆ, ಮೀನು ತಿನ್ನಬಾರದು.
ಫಲಕಕ್ಕೇ ಸೈಕಲ್ ಒರಗಿಸಿ
ಇವನು ಗಾಳ ಹಾಕುತ್ತಾನೆ.

"ಹಬ್ಬಕ್ಕೆ ಎರಡು ಮೀನು ಬೇಯುತ್ತವೆ, ಮೇಡಂ.
ಪೇಟೆಯಿಂದ ತಂದದ್ದು, ದೂರದ ಕೆರೆಯದು,
ಮಗಳಿಗೆ. ಅವಳೀಗ ಆರು ತಿಂಗಳು.
ನಮ್ಮ ನೀರಿನದು ನಮಗಿಬ್ಬರಿಗೆ.
ಬಾಣಲೆಯೂ ಬೇರೆ.
ಒಂದೇ ಮೇಜು, ಒಂದೇ ಪ್ರಾರ್ಥನೆ,
ತಟ್ಟೆ ಅದಲುಬದಲಾದೀತು ಅಂತ
ಪರಾಸ್ಕಾ ಅಂಚಿಗೆ ಕೆಂಪು ದಾರ ಕಟ್ಟುತ್ತಾಳೆ."

ಗಂಟಲುಬ್ಬಿ ಬಂತು ಎನ್ನುತ್ತೇವೆ ಮಾತಿಗೆ.
ಎಷ್ಟು ಮಿಲಿಲೀಟರ್ ಎಂದು
ಯಾವ ಯಂತ್ರವೂ ಹೇಳುವುದಿಲ್ಲ.

ಕೊರಳೊರೆಸಿಕೊಂಡು, ಗುಂಡಿ ಹಾಕಿಕೊಂಡು ಹೋದ.
ಹುರುಪೆ ಮೇಜಿನ ಮೇಲೇ ಇತ್ತು.
ಕಸದ ಬುಟ್ಟಿಗೆ ಕೈ ಹೋಯಿತು. ಬುಟ್ಟಿಯಿಂದ ಎಲ್ಲಿಗೆ?
ಕಿಟಕಿಯ ಹೊರಗೆ ಮಳೆ, ಮಳೆಯಡಿ ಕಾಲುವೆ.

ಏಪ್ರನ್ನಿನ ಜೇಬಿಗೆ ಹಾಕಿಕೊಂಡು
ಬಾಗಿಲು ತೆರೆದೆ.
ಮುಂದಿನವರು ಬನ್ನಿ.
ಕಾಲರ್ ಸಡಿಲಿಸಿ.